ನಗಿಸುತ್ತಿದ್ದ ಫಾರೆಸ್ಟ್ ಆಫೀಸರು

ಈ ವಾರ ಪೂರ್ತಿ ವೇಯ್ಕೊ ಹುವೊವಿನೆನ್ ನನ್ನ ತಲೆಯಲ್ಲಿ ಠಿಕಾಣಿ ಹೂಡಿದ್ದಾರೆ. ಫಿನ್ಲೆಂಡಿನ ಲೇಖಕರು, 1927ರಲ್ಲಿ ಹುಟ್ಟಿದವರು. ಓದಿದ್ದು ಅರಣ್ಯಶಾಸ್ತ್ರ, ನೌಕರಿಯೂ ಅದೇ. 1952ರಲ್ಲಿ ಮೊದಲ ಕಾದಂಬರಿ ಬಂತು, 1956ಕ್ಕೆ ನೌಕರಿ ಬಿಟ್ಟರು. ಹಾಗಂತ ಹೆಲ್ಸಿಂಕಿಗೆ ಹೋಗಿ ಸಾಹಿತಿಗಳ ನಡುವೆ ಮೆರೆದರಾ? ಇಲ್ಲ. ಕಾಯ್ನು ಸೀಮೆಯ ಸೊತ್ಕಮೊದಲ್ಲೇ ಬರೆಯುತ್ತಾ ಕೂತರು. 2009ರಲ್ಲಿ ತೀರಿಕೊಂಡರು.

ಆ ಮೊದಲ ಕಾದಂಬರಿಯ ಕೊನ್ಸ್ತ ಪಿಲ್ಕನೆನ್ ಕಾಡೊಳಗಿನ ಆಸಾಮಿ. ಜಗತ್ತಿನ ರಾಜಕೀಯವೂ ಸೇರಿದಂತೆ ಯಾವುದನ್ನೂ ಯೋಚಿಸದೆ ಬಿಡುವವನಲ್ಲ. ಪಟ್ಟಣದಿಂದ ಬಂದ ಇಬ್ಬರು ಪಂಡಿತರಿಗೆ ಕಾಡು ತೋರಿಸೋ ಕೆಲಸ ಇವನ ಪಾಲಿಗೆ ಬರುತ್ತೆ. ಹಳ್ಳಿಯವನು ಅಂತ ಲೇಖಕರು ಅವನನ್ನು ಗೇಲಿ ಮಾಡಲ್ಲ, ನನಗೆ ಹಿಡಿಸಿದ್ದೇ ಅದು.

1957ರ 'ಹಂಸ್ತೆರಿತ್' ಇನ್ನೂ ಮಜಾ. ಕಥೆ ಏನು? ಚಳಿಗಾಲಕ್ಕೆ ಸೌದೆ, ದಿನಸಿ ಕೂಡಿಡೋದು. ಅಷ್ಟೇ ಕಣ್ರೀ! 1970ರ ಕಾದಂಬರಿಯಲ್ಲಿ ಇಬ್ಬರು ಗೆಳೆಯರು ಬೇಸಿಗೆಯಲ್ಲಿ ಊರೂರು ಸುತ್ತುತ್ತಾ ಕುರಿ ಕದ್ದು ತಿಂತಾರೆ.

ಆದರೆ 1980ರ 'ಕೊಯ್ರನ್‌ಕಿನ್ನೆನ್ ಲೇಯ್ಕಾಯ' ಬೇರೆಯೇ ಜಾತಿ. ಯುದ್ಧದಲ್ಲಿ ತಲೆಗೆ ಪೆಟ್ಟು ಬಿದ್ದ ಮೆರ್ತ್ಸಿ. ದೂರದಲ್ಲೆಲ್ಲೋ ಒಂದು ನಾಯಿ ಬೆಳೆದ ಉಗುರಿನಿಂದ ನರಳುತ್ತಿದೆ ಅಂತ ಅವನ ಕಿವಿಗೆ ಬೀಳುತ್ತೆ. ಆ ನಾಯಿ ಅವನದ್ದಲ್ಲ, ಯಾರೂ ಕರೆದೂ ಇಲ್ಲ. ಉಗುರು ಕತ್ತರಿಸಬೇಕು ಅಂತ ಹಿಮದಲ್ಲಿ ಹೊರಟೇಬಿಡುತ್ತಾನೆ. ಬೇರೆಯವರ ನೋವು ಕೇಳಿ 'ಅಯ್ಯೋ ಪಾಪ' ಅಂದು ಸುಮ್ಮನಾಗೋ ನನ್ನಂಥವರಿಗೆ ಇದು ಸ್ವಲ್ಪ ಇರಿಸುಮುರಿಸೇ.

ಮಾರ್ಕು ಪೊಲೊನೆನ್ 2004ರಲ್ಲಿ ಇದನ್ನು ಸಿನಿಮಾ ಮಾಡಿದ್ದಾರೆ. ಸಬ್‌ಟೈಟಲ್ ಇರೋದು ಎಲ್ಲಾದರೂ ಸಿಕ್ಕರೆ ನನಗೂ ಹೇಳಿ.