ಒಂದೇ ಗೀಟು

"ನೋಡಿ ಏನ್ಮಾಡ್ತೀಯಮ್ಮ? ಮಾರ್ಕ್ಸ್ ಅಂತೂ ಬದಲಾಗಲ್ಲ."

ಮೊನ್ನೆ ಬುಧವಾರ ಯೂನಿವರ್ಸಿಟಿಯ ಪರೀಕ್ಷಾ ವಿಭಾಗದಲ್ಲಿ ಕೇಸ್ ವರ್ಕರ್ ನನ್ನ ತಂಗಿಯ ಮಗಳಿಗೆ ಹೀಗಂದರು. ಕೆಟ್ಟ ಮನುಷ್ಯ ಅಲ್ಲ, ಕೂರೋಕೆ ಸ್ಟೂಲೂ ಕೊಟ್ಟರು. ಹೇಳಿದ್ದೂ ನಿಜವೇ. ರಿವ್ಯಾಲ್ಯುಯೇಷನ್‌ಗೆ ಕೊಟ್ಟಿದ್ದು ಹದಿನೈದು ದಿನ. ತನ್ನ ಉತ್ತರ ಪತ್ರಿಕೆ ನೋಡಬೇಕು ಅಂತ ಅವಳು ಆರ್‌ಟಿಐ, ಅಂದ್ರೆ ಮಾಹಿತಿ ಹಕ್ಕಿನ ಅರ್ಜಿ ಹಾಕಿದ್ದಳು. ಅದಕ್ಕೆ ಉತ್ತರ ಕೊಡಲು ಅವರಿಗೆ ಮೂವತ್ತು ದಿನ ಇರುತ್ತೆ. ಉತ್ತರ ಬರೋ ಹೊತ್ತಿಗೆ ಆ ಬಾಗಿಲು ಮುಚ್ಚಿತ್ತು.

"ಗೊತ್ತು ಸಾರ್. ನಾನು ಬರ್ದಿದ್ದು, ನೋಡ್ಬೇಕು ಅಷ್ಟೇ" ಅಂದಳು ಹುಡುಗಿ.

ಈ 'ಅಷ್ಟೇ'ಗೆ ಸುಪ್ರೀಂ ಕೋರ್ಟಿನವರೆಗೂ ಹೋಗಬೇಕಾಯ್ತು. 2011ರ ಆಗಸ್ಟ್‌ನಲ್ಲಿ ಸಿಬಿಎಸ್‌ಇ ಬೋರ್ಡು ಮತ್ತು ಆದಿತ್ಯ ಬಂದೋಪಾಧ್ಯಾಯ ಅನ್ನೋ ವಿದ್ಯಾರ್ಥಿಯ ಕೇಸಿನಲ್ಲಿ ತೀರ್ಪು ಬಂತು. ಬರೆದವರು ನಮ್ಮ ಕರ್ನಾಟಕ ಹೈಕೋರ್ಟಿನಲ್ಲೂ ಜಡ್ಜ್ ಆಗಿದ್ದ ಆರ್.ವಿ. ರವೀಂದ್ರನ್. ತಿದ್ದಿದ ಉತ್ತರ ಪತ್ರಿಕೆಯೂ ಮಾಹಿತಿಯೇ, ಪರೀಕ್ಷೆ ಬರೆದವರು ಕೇಳಿದರೆ ತೋರಿಸಬೇಕು, ನಕಲೂ ಕೊಡಬೇಕು ಅಂತ. ತಿದ್ದಿದವರ ಹೆಸರು, ಸಹಿ ಮಾತ್ರ ಮುಚ್ಚಬೇಕು. ಹಾಗಂತ ಆರ್‌ಟಿಐ ಹಿಡಿದು ಮತ್ತೆ ತಿದ್ದಿ ಅಂತ ಕೇಳೋ ಹಾಗಿಲ್ಲ. ಇನ್ನೊಂದು, ಪತ್ರಿಕೆಗಳನ್ನ ಎಷ್ಟು ದಿನ ಇಡಬೇಕು ಅಂತ ನಿಯಮ ಇದೆಯೋ ಅಷ್ಟರೊಳಗೇ ಕೇಳಬೇಕು.

ಕಟ್ಟು ಬಿಚ್ಚಿ ಪತ್ರಿಕೆ ಕೈಗಿಟ್ಟರು. ಮೊದಲ ಪುಟದಲ್ಲಿ ತಿದ್ದಿದವರ ಸಹಿಯ ಮೇಲೆ ಬಿಳಿ ಚೀಟಿ ಅಂಟಿಸಿತ್ತು. ಬಿ.ಕಾಂ. ಕಾಸ್ಟಿಂಗ್ ಪೇಪರ್. ಮಿಷಿನ್ ಅವರ್ ರೇಟ್, ಅಂದ್ರೆ ಯಂತ್ರ ಒಂದು ಗಂಟೆ ಓಡಿದರೆ ಬೀಳೋ ಖರ್ಚಿನ ದೊಡ್ಡ ಲೆಕ್ಕವನ್ನು ಮೂರು ಪುಟ ಮಾಡಿದ್ದಾಳೆ. ಮೂರೂ ಪುಟಕ್ಕೆ ಮೂಲೆಯಿಂದ ಮೂಲೆಗೆ ಒಂದೊಂದು ಕೆಂಪು ಗೀಟು. ಕೊನೆಗೆ ಸೊನ್ನೆ.

ಅವಳು ಬೆರಳಿಟ್ಟುಕೊಂಡು ಮೊದಲಿಂದ ಓದಿದಳು. ಎರಡನೇ ಸಾಲಿನಲ್ಲೇ ನಿಂತಳು. ಪ್ರಶ್ನೆಯಲ್ಲಿ 48,000 ಇದ್ದದ್ದನ್ನು 84,000 ಅಂತ ಇಳಿಸಿಕೊಂಡಿದ್ದಳು. "ಅಯ್ಯೋ ಕತ್ತೆ" ಅಂತ ತನಗೆ ತಾನೇ ಬೈದುಕೊಂಡು ನಕ್ಕಳು. ಆಮೇಲೆ ಪುಟ ತಿರುಗಿಸುತ್ತಾ ಮೆಲ್ಲಗೆ ಕೇಳಿದಳು, "ಮಾಮ, ಇದನ್ನ ಓದಿದಾರಾ?"

ಮೂರು ದಿನದಿಂದ ಅದೊಂದೇ ಮಾತು ತಲೆಯಲ್ಲಿ ಸುತ್ತುತ್ತಿದೆ. ಯಾಕಂದ್ರೆ ಓದಿಲ್ಲ ಅನ್ನೋದು ನನಗೆ ನೋಡಿದ ಕೂಡಲೇ ಗೊತ್ತಾಯ್ತು. ಅಂಕಿ ತಪ್ಪಿದ್ದರೂ ದಾರಿ ಸರಿ ಇತ್ತು, ಸ್ಟೆಪ್ ಮಾರ್ಕ್ಸ್ ಬರಬೇಕಿತ್ತು. ಕೊನೆಯ ಉತ್ತರ ಮಾತ್ರ ನೋಡಿದ್ದಾರೆ. ಇದು ಹೇಗೆ ಗೊತ್ತು ಅಂದ್ರೆ, ನಾನೂ ಇಪ್ಪತ್ತು ವರ್ಷ ಕಾಮರ್ಸ್ ಲೆಕ್ಚರರ್. ಮೌಲ್ಯಮಾಪನಕ್ಕೆ ಹೋಗುತ್ತಿದ್ದೆ. ಸೆಕೆಯಲ್ಲಿ ಫ್ಯಾನ್ ತಿರುಗದ ಹಾಲ್, ಊಟದ ನಂತರದ ಜೊಂಪು, ಸಂಜೆ ಬಸ್ಸು ತಪ್ಪುತ್ತೆ ಅನ್ನೋ ಗಡಿಬಿಡಿ. ಪತ್ರಿಕೆ ಲೆಕ್ಕದಲ್ಲಿ ದುಡ್ಡು. ಕೊನೆಯ ಅಂಕಿ ನೋಡೋದು, ಗೀಟು ಎಳೆಯೋದು. ಎಲ್ಲಾ ಪತ್ರಿಕೆಗೂ ಹಾಗೆ ಮಾಡಿಲ್ಲ, ಆದ್ರೆ ಮಾಡಿದ್ದೀನಿ.

ಆಗ ಮಕ್ಕಳು ಪತ್ರಿಕೆ ನೋಡುತ್ತಾರೆ ಅನ್ನೋ ಯೋಚನೆಯೇ ನಮಗಿರಲಿಲ್ಲ. ಕಟ್ಟು ಕಟ್ಟಿ ಕೊಟ್ಟರೆ ಮುಗೀತು, ಆಮೇಲೆ ರದ್ದಿ. ಯಾವ ಹುಡುಗನೂ ಆ ಗೀಟಿನ ಎದುರು ಸ್ಟೂಲ್ ಹಾಕಿಕೊಂಡು ಕೂರುತ್ತಿರಲಿಲ್ಲ. ಬುಧವಾರ ಆ ಬಿಳಿ ಚೀಟಿ ನೋಡಿ, ನಿಜ ಹೇಳಬೇಕು ಅಂದ್ರೆ, ಸದ್ಯ ಹೆಸರು ಮುಚ್ಚಿದ್ದಾರಲ್ಲ ಅಂತ ನನಗೇ ಸಮಾಧಾನ ಆಯ್ತು.

"ಓದಿರಬೇಕು ಕಣೇ" ಅಂದೆ. ಅವಳು ನನ್ನ ಮುಖ ನೋಡಿದಳು. ಮತ್ತೆ ಕೇಳಲಿಲ್ಲ.

ನಕಲು ಪುಟಕ್ಕೆ ಎರಡು ರೂಪಾಯಿ. "ಗೀಟು ಹಾಕಿರೋದೂ ಬೇಕಾ?" ಅಂದರು ಕೇಸ್ ವರ್ಕರ್. ಅವಳು ಪರ್ಸಿನಿಂದ ಚಿಲ್ಲರೆ ಎಣಿಸಿ ಆರು ರೂಪಾಯಿ ಮೇಜಿನ ಮೇಲಿಟ್ಟಳು. ಆ ಮೂರು ಪುಟ ಮಾತ್ರ ಸಾಕು ಅಂದಳು.