ಹೊಡೆದದ್ದು ಸಾಬೀತು, ಬೈದದ್ದು ಇಲ್ಲ

12 ನವೆಂಬರ್ 2025, ಬುಧವಾರ
ಧಾರವಾಡ

ರಾತ್ರಿ ಹನ್ನೊಂದೂವರೆ. ನಾಳೆ ಹೈಕೋರ್ಟ್ ಪೀಠದಲ್ಲಿ ನಮ್ಮ ಮೇಲ್ಮನವಿ ಅಂತಿಮ ವಾದಕ್ಕಿದೆ. ಸಂಜೆಯಿಂದ ಪೇಪರ್ ಬುಕ್ (ಕೇಸಿನ ದಾಖಲೆಗಳ ಕಟ್ಟು) ಬಿಟ್ಟು ಎದ್ದಿಲ್ಲ. ನನ್ನ ಕಕ್ಷಿದಾರನ ಹೆಸರು, ಊರು ಇಲ್ಲಿ ಬರೆಯುವುದಿಲ್ಲ. ಗದಗ ಜಿಲ್ಲೆಯ ಹುಡುಗ ಅಂದರೆ ಸಾಕು.

2017ರ ಮಾತು. ಮೆಣಸಿನಕಾಯಿ ಬಿಡಿಸಿದ ಕೂಲಿ ಬಾಕಿ ಇತ್ತು. ಕೇಳಲು ಹೋದ. ಹೊಲದ ಮಾಲೀಕ ಹಿಟ್ಟಿನ ಗಿರಣಿಯ ಹತ್ತಿರ ಸಿಕ್ಕ. ಜಾತಿ ಹಿಡಿದು ಬೈದ, ಕಟ್ಟಿಗೆಯಿಂದ ಹೊಡೆದ. ಹುಡುಗನ ಮುಂಗೈ ಮುರಿಯಿತು. ಕೆಳಗಿನ ಕೋರ್ಟು ಹಲ್ಲೆಗೆ ಶಿಕ್ಷೆ ಕೊಟ್ಟಿತು. ಪರಿಶಿಷ್ಟ ಜಾತಿ, ಪಂಗಡಗಳ ಮೇಲಿನ ದೌರ್ಜನ್ಯ ತಡೆ ಕಾಯ್ದೆಯ ಆರೋಪಗಳಿಂದ ಬಿಟ್ಟಿತು. ಜಗಳ ಕೂಲಿ ಹಣದ್ದು, ಜಾತಿಯದ್ದಲ್ಲ ಎಂಬುದು ತೀರ್ಪಿನ ಸಾರ. ಅದರ ವಿರುದ್ಧ ನಾವು ಆ ಕಾಯ್ದೆಯ 14ಎ ಕಲಮಿನಡಿ ಮೇಲ್ಮನವಿಗೆ ಬಂದಿದ್ದೇವೆ.

ಈ ಮಾತು ಎಷ್ಟು ಹಳೆಯದು! 2006ರಲ್ಲಿ ಮಹಾರಾಷ್ಟ್ರದ ಖೈರ್ಲಾಂಜಿಯಲ್ಲಿ ಒಂದೇ ದಲಿತ ಕುಟುಂಬದ ನಾಲ್ವರನ್ನು ಕೊಂದರು. ಕೊಲೆ ಸಾಬೀತಾಯಿತು. ದೌರ್ಜನ್ಯ ಕಾಯ್ದೆ ಮಾತ್ರ ನಿಲ್ಲಲಿಲ್ಲ. 2010ರಲ್ಲಿ ಬಾಂಬೆ ಹೈಕೋರ್ಟಿನ ನಾಗಪುರ ಪೀಠ ಕೂಡ ಅದನ್ನು ಸೇಡಿನ ಕೃತ್ಯ ಎಂದೇ ನೋಡಿತು. ಪೆಟ್ಟು ಕಾಗದಕ್ಕೆ ಏರುತ್ತದೆ. ಆ ಕೈ ಯಾಕೆ ಎದ್ದಿತು ಅನ್ನುವುದು ದಾರಿಯಲ್ಲೇ ಉದುರಿಹೋಗುತ್ತದೆ.

ನಮ್ಮ ಕೇಸಿನಲ್ಲಿ ಪೆಟ್ಟು ಕೂಡ ಪೂರ್ತಿ ಏರಿಲ್ಲ. ವೈದ್ಯರು ಮೂಳೆ ಮುರಿದಿದೆ ಎಂದು ಬರೆದರು. ಎಕ್ಸ್‌ರೇ ಫಿಲ್ಮ್ ಮಾತ್ರ ಕೋರ್ಟಿಗೆ ಬರಲಿಲ್ಲ. ಆಗಿನ ದಂಡ ಸಂಹಿತೆಯ 325ನೇ ಕಲಮಿನ (ತೀವ್ರ ಗಾಯ) ಕೇಸು 323ಕ್ಕೆ (ಸಾಧಾರಣ ಗಾಯ) ಇಳಿಯಿತು. ಅಂದರೆ 7 ವರ್ಷದವರೆಗೆ ಆಗಬಹುದಾದ ಶಿಕ್ಷೆ ಹೆಚ್ಚೆಂದರೆ 1 ವರ್ಷಕ್ಕೆ ಬಂತು. ಒಂದು ಫಿಲ್ಮ್, ಅಷ್ಟೇ.

ಇನ್ನು ಬೈಗುಳ. ಮೊದಲ ದೂರಿನಲ್ಲಿ ಇರುವುದು ಇಷ್ಟು: 'ಜಾತಿ ಎತ್ತಿ ಅವಾಚ್ಯ ಶಬ್ದಗಳಿಂದ ನಿಂದಿಸಿ'. ಠಾಣೆಯಲ್ಲಿ ಬರೆದುಕೊಂಡವರ ರೂಢಿಯ ಸಾಲು. ಅವಾಚ್ಯ ಅಂದರೆ ಬಾಯಲ್ಲಿ ಹೇಳಬಾರದ್ದು. ಕೋರ್ಟು ಕೇಳುವುದು ಅದನ್ನೇ ಅಲ್ವಾ? ಯಾವ ಶಬ್ದ, ಯಾರ ಎದುರು, ಎಲ್ಲಿ ನಿಂತು? ಹುಡುಗ ಆ ಮಾತನ್ನು ಮೊದಲ ಸಲ ಪೂರ್ತಿ ಹೇಳಿದ್ದು ಕಟಕಟೆಯಲ್ಲಿ. ಆಮೇಲೆ ಸೇರಿಸಿದ್ದು ಎಂದು ಎದುರು ವಕೀಲರು ಹಿಡಿದರು. ಯಾಕೆ ಮೊದಲೇ ಬರೆಸಲಿಲ್ಲ ಎಂದು ನಾನೂ ಕೇಳಿದ್ದೆ.

"ಅವ್ವ ಬಾಜೂಕ ಕುಂತಿದ್ಲರೀ ಅಕ್ಕಾರ. ಆಕಿ ಮುಂದ ಆ ಮಾತು ಹೆಂಗ ಹೇಳ್ಲಿ?"

ಅವನಿಗೆ ನನ್ನ ಹತ್ತಿರ ಉತ್ತರ ಇರಲಿಲ್ಲ. ಅವಮಾನ ಆಯಿತು ಎಂದು ನಂಬಿಸಬೇಕಾದರೆ ಅದೇ ಅವಮಾನವನ್ನು ಠಾಣೆಯಲ್ಲಿ ಒಮ್ಮೆ, ಸಾಕ್ಷಿ ಹೇಳುವಾಗ ಒಮ್ಮೆ, ಪಾಟೀಸವಾಲಿನಲ್ಲಿ ಮತ್ತೆ ಮತ್ತೆ ನುಂಗಬೇಕು. ನನಗೆ ಇದು ನೆನೆದಾಗಲೆಲ್ಲ ಸಂಕಟವಾಗುತ್ತದೆ.

ಜಾಗದ ಕಥೆ ಇನ್ನೊಂದು. ಕಾಯ್ದೆಯ ಪ್ರಕಾರ ಬೈದದ್ದು ಜನರ ಕಣ್ಣಿಗೆ ಬೀಳುವ ಕಡೆ ಆಗಿರಬೇಕು. ಅದು ಸರ್ಕಾರಿ ಜಾಗವೇ ಆಗಬೇಕಿಲ್ಲ. ಖಾಸಗಿ ಮನೆಯ ಗೇಟಿನ ಹತ್ತಿರ ಬೈದರೂ, ರಸ್ತೆಯಲ್ಲಿದ್ದವರಿಗೆ ಕಾಣುತ್ತಿದ್ದರೆ ಸಾಕು ಎಂದು ಸುಪ್ರೀಂ ಕೋರ್ಟ್ 2008ರಲ್ಲೇ ಹೇಳಿದೆ. ಹೊರಗಿನವರು ಯಾರೂ ಇಲ್ಲದ ನಾಲ್ಕು ಗೋಡೆಯ ಒಳಗಾದರೆ ಈ ಅಪರಾಧ ನಿಲ್ಲದು ಎಂದು 2020ರಲ್ಲಿ ಹೇಳಿತು. ನಮ್ಮ ಪಂಚನಾಮೆಯಲ್ಲಿ 'ಗಿರಣಿಯಲ್ಲಿ' ಎಂದಿದೆ. 'ಗಿರಣಿಯ ಮುಂದೆ' ಅಲ್ಲ. ಕೆಳಗಿನ ಕೋರ್ಟು ಅದನ್ನು ಒಳಗೆ ಎಂದು ಓದಿತು. ನಕ್ಷೆ ತೆಗೆದು ನೋಡಿದರೆ ಗುಣಿಸು ಗುರುತು ಇರುವುದು ಹೊರಗಿನ ಮೆಟ್ಟಿಲ ಮೇಲೆ, ರಸ್ತೆಯಿಂದ ಮೂರು ಅಡಿಗೆ. ಅದೇ ಕಡತದಲ್ಲಿ, ಎರಡೇ ಹಾಳೆ ಆಚೆ!

ಜಾತಿ ಪ್ರಮಾಣಪತ್ರ ಸರಿಯಿದೆ. ತನಿಖೆ ಮಾಡಿದ್ದು ಡಿವೈಎಸ್‌ಪಿ. ಅವೆರಡಕ್ಕೆ ತಕರಾರಿಲ್ಲ. ಜಾತಿ ಗೊತ್ತಿರಲಿಲ್ಲ ಎನ್ನುವ ವಾದಕ್ಕೂ ನಾನು ಹೆದರುವುದಿಲ್ಲ. 2016ರ ಜನವರಿ 26ರಿಂದ ಜಾರಿಯಾದ ತಿದ್ದುಪಡಿ ಇದೆ. ಆರೋಪಿಗೆ ಆ ಕುಟುಂಬದ ಪರಿಚಯ ಇದ್ದರೆ ಜಾತಿಯೂ ಗೊತ್ತಿತ್ತು ಎಂದೇ ಕೋರ್ಟು ಭಾವಿಸಬೇಕು. ಅಲ್ಲ ಎಂದು ತೋರಿಸುವ ಹೊಣೆ ಅವನದು. ಒಂದೇ ಊರು, ಅವನದೇ ಹೊಲ, ಅವನದೇ ಕೂಲಿ. ಹಲ್ಲೆಯಂಥ ಅಪರಾಧಗಳಿಗೆ ಆಗಲೇ ಸೇರಿದ 3(2)(ವಿಎ) ಕೇಳುವುದೂ 'ಗೊತ್ತಿದ್ದು ಮಾಡಿದನೇ' ಎಂದು. 'ಜಾತಿಯ ಕಾರಣಕ್ಕೇ ಮಾಡಿದನೇ' ಎಂದಲ್ಲ. ಈ ಒಂದು ಪದದ ವ್ಯತ್ಯಾಸ ಕೆಳಗಿನ ತೀರ್ಪಿನಲ್ಲಿ ಎಲ್ಲೂ ಇಲ್ಲ.

ಆದರೆ ಬೈಗುಳದ ಆರೋಪಕ್ಕೆ ಅಷ್ಟು ಸಾಲದು. ಕೀಳಾಗಿ ಕಾಣುವ ಉದ್ದೇಶ ತೋರಿಸಬೇಕು. ಅದರ ಮೇಲೆ ಇದು ಬಿಡುಗಡೆಯ ವಿರುದ್ಧದ ಮೇಲ್ಮನವಿ. ಸಾಕ್ಷ್ಯವನ್ನೆಲ್ಲ ಹೊಸದಾಗಿ ತೂಗಬಹುದು, ಆದರೆ ಎರಡು ರೀತಿ ಓದಲು ಬರುವುದಾದರೆ ಆರೋಪಿಯ ಕಡೆಗೇ ಓದಬೇಕು. ಕರ್ನಾಟಕದ್ದೇ ಒಂದು ಕೇಸಿನಲ್ಲಿ 2007ರಲ್ಲಿ ಸುಪ್ರೀಂ ಕೋರ್ಟ್ ಹಾಗೆ ಹೇಳಿದೆ. ಆ ನಿಯಮ ನನಗೂ ಒಪ್ಪಿಗೆ. ನಾಳೆ ಬೇರೆ ಕೇಸಿನಲ್ಲಿ ಅದು ಇದೇ ಹುಡುಗನಂಥವರನ್ನೇ ಕಾಯಬಹುದು.

ಒಂಬತ್ತು ಗಂಟೆಗೆ ಗಿರಣಿಯ ಅಜ್ಜಿಯ ಸಾಕ್ಷಿಯನ್ನು ಮತ್ತೆ ಓದಿದೆ. ಆಕೆ ಮಾಲೀಕನ ಕಡೆಯವರೇ, ಅದೇ ಜಾತಿ. ಇಂಥ ಕೇಸುಗಳಲ್ಲಿ ಸಾಕ್ಷಿಗಳು ತಿರುಗಿ ಬೀಳುವುದು ಏನೂ ಹೊಸದಲ್ಲ. ಆಗಿನ ಕೋಲಾರ ಜಿಲ್ಲೆಯ ಕಂಬಾಲಪಲ್ಲಿಯಲ್ಲಿ 2000ನೇ ಇಸವಿಯಲ್ಲಿ ಏಳು ದಲಿತರನ್ನು ಜೀವಂತ ಸುಟ್ಟರು. ಸಾಕ್ಷಿಗಳು ತಿರುಗಿದರು, 2006ರಲ್ಲಿ ಎಲ್ಲರೂ ಖುಲಾಸೆಯಾದರು. ಈ ಅಜ್ಜಿ ತಿರುಗಲಿಲ್ಲ. ಪಾಟೀಸವಾಲಿನಲ್ಲಿ, ಪುಟ 47ರಲ್ಲಿ, ಜಗಳ ಹಣದ್ದೇ ಎಂದು ತೋರಿಸಲು ಎದುರು ವಕೀಲರು ಕೇಳಿದ ಪ್ರಶ್ನೆಗೆ ಈ ಉತ್ತರ:

'ಅದೇ ದಿನ ಬೇರೆ ಕೂಲಿಯವರೂ ಹಣ ಕೇಳಲು ಬಂದಿದ್ದರು ಎಂದರೆ ಸರಿ. ಅವರು ನಮ್ಮ ಪೈಕಿ. ಅವರಿಗೆ ಆರೋಪಿಯು ನಾಳೆ ಬನ್ನಿ ಎಂದು ಹೇಳಿ ಕಳಿಸಿದನು.'

ಎರಡು ವರ್ಷದಿಂದ ಈ ಕಡತ ನನ್ನ ಹತ್ತಿರ ಇದೆ. ಈ ಸಾಲನ್ನು ಎಷ್ಟು ಸಲ ದಾಟಿ ಹೋಗಿದ್ದೇನೋ! ಅದೇ ಹೊಲ, ಅದೇ ಬಾಕಿ, ಅದೇ ಮೆಟ್ಟಿಲು. ಅವರಿಗೆ 'ನಾಳೆ ಬನ್ನಿ'. ಇವನಿಗೆ ಆ ಶಬ್ದ, ಆ ಕಟ್ಟಿಗೆ.

ಕೂಡಲೇ ಹುಡುಗನಿಗೆ ಫೋನ್ ಮಾಡಿದೆ. "ನಾ ಬರಬೇಕೇನ್ರಿ?" ಎಂದ. ಬಾ ತಮ್ಮಾ ಎಂದೆ. ವಿಚಾರಣೆಯ ಸುದ್ದಿ ತಿಳಿಯುವ, ನಿನ್ನ ಮಾತು ಕೇಳಿಸುವ ಹಕ್ಕು 15ಎ ಕಲಮಿನಲ್ಲಿ ನಿನಗಿದೆ ಎಂದು ಹೇಳಿದೆ. ಅಲ್ಲಿ ಮತ್ತೆ ಆ ಮಾತು ಹೇಳಬೇಕಾ ಎಂದು ಕೇಳಿದ. ಬೇಡ, ಅದನ್ನು ನಾನು ಓದುತ್ತೇನೆ ಎಂದೆ.

ಬೆಳಗಿನ ಮೊದಲ ಬಸ್ಸಿಗೆ ಹೊರಡುತ್ತಾನಂತೆ. ಅವ್ವನನ್ನೂ ಕರೆತರುತ್ತಾನಂತೆ.