ಥೆಲ್ಮಾ ರಿಟ್ಟರ್ ನೋಟ್‌ಬುಕ್: ಎಂಟು ಸಿನಿಮಾ ಆಯ್ತು

ಹಳೇ ಹಾಲಿವುಡ್‌ನ ಪೋಷಕ ನಟಿ ಥೆಲ್ಮಾ ರಿಟ್ಟರ್ ನಟಿಸಿದ ಮುಖ್ಯ ಸಿನಿಮಾಗಳನ್ನು ಸಾಲಾಗಿ ನೋಡಿ, ಒಂದೊಂದಕ್ಕೂ ಒಂದು ಪುಟ ಬರೆದಿಡಬೇಕು ಅಂತ ಶುರು ಮಾಡಿದ್ದು. ಸಿನಿಮಾ, ಪಾತ್ರ, ತೆರೆಯ ಮೇಲೆ ಎಷ್ಟು ಹೊತ್ತು ಇರುತ್ತಾರೆ ಅಂತ ಮೂರು ಕಾಲಂ ಹಾಕಿದ್ದೆ. ಮೂರನೇ ಸಿನಿಮಾಗೇ ಕೊನೇ ಕಾಲಂ ಹೊಡೆದು ಹಾಕಿದೆ. ಸ್ಟಾಪ್‌ವಾಚ್ ನೋಡುತ್ತಾ ಕೂತರೆ ಸಿನಿಮಾ ನೋಡೋದು ಯಾವಾಗ? ಆ ಜಾಗದಲ್ಲಿ ಈಗ ‘ಕೈಯಲ್ಲಿ ಏನಿದೆ?’ ಅಂತ ಬರೆದಿದ್ದೇನೆ.

ಮೊದಲನೆಯದು 1947ರ ‘ಮಿರಾಕಲ್ ಆನ್ ಥರ್ಟಿಫೋರ್ತ್ ಸ್ಟ್ರೀಟ್’. ರಿಟ್ಟರ್ ಬ್ರೂಕ್ಲಿನ್‌ನಲ್ಲಿ ಹುಟ್ಟಿದ್ದು 1902ರಲ್ಲಿ. ಅಂದರೆ ಮೊದಲ ಸಿನಿಮಾ ಬಂದಾಗ 45 ವರ್ಷ! ಮಗನಿಗೆ ಆಟದ ಫೈರ್ ಎಂಜಿನ್ ಹುಡುಕಿ ಸೋತು ಹೋದ ತಾಯಿಯ ಪಾತ್ರ. ಅದು ಬೇರೆ ಅಂಗಡಿಯಲ್ಲಿ ಸಿಗುತ್ತೆ ಅಂತ ಮೇಸೀಸ್ ಅಂಗಡಿಯ ಸಾಂಟಾನೇ ಹೇಳಿದಾಗ ಆ ಮುಖ ನೋಡಬೇಕು. ಇಲ್ಲಿ ಕೈಗಿಂತ ನೋಯುವ ಕಾಲೇ ಜಾಸ್ತಿ ನಟಿಸುತ್ತದೆ. ಪುಟ್ಟ ಪಾತ್ರ, ತೆರೆಯ ಮೇಲೆ ಹೆಸರೂ ಹಾಕಿಲ್ಲ. 1949ರ ‘ಎ ಲೆಟರ್ ಟು ಥ್ರೀ ವೈವ್ಸ್’ನಲ್ಲೂ ಹೆಸರಿಲ್ಲ. ಅದರಲ್ಲಿ ಕೈಯಲ್ಲಿರೋದು ಇಸ್ಪೀಟು. ಪಕ್ಕದಲ್ಲೇ ರೈಲು ಹೋಗಿ ಇಡೀ ಮನೆ ಗಡಗಡ ನಡುಗುತ್ತಿದ್ದರೂ ಅವರಿಗೆ ಅದೊಂದು ವಿಷಯವೇ ಅಲ್ಲ.

ಹೆಚ್ಚು ಪುಟ ತಿಂದಿದ್ದು ‘ಆಲ್ ಅಬೌಟ್ ಈವ್’, 1950. ಬೆಟ್ ಡೇವಿಸ್ ಮಾಡಿದ ದೊಡ್ಡ ನಟಿಗೆ ಬಟ್ಟೆ ತೊಡಿಸುವ ಬರ್ಡಿ ಇವರು. ಆ ನಟಿಯ ಅಭಿಮಾನಿ ಅಂತ ಬರುವ ಈವ್ ತನ್ನ ಕಷ್ಟದ ಕಥೆ ಹೇಳುವಾಗ ರೂಮಿನಲ್ಲಿದ್ದವರೆಲ್ಲ ಕರಗಿ ಹೋಗುತ್ತಾರೆ. ಬರ್ಡಿ ಒಬ್ಬಳೇ ಚುಚ್ಚು ಮಾತಾಡಿ ಬೈಸಿಕೊಳ್ಳುತ್ತಾಳೆ. ಈವ್ ಮೇಲೆ ಮೊದಲು ಅನುಮಾನ ಪಡುವವಳೂ ಅವಳೇ. ಆಮೇಲೆ ಪಾರ್ಟಿ ಸೀನ್ ಬರುತ್ತದೆ, ಅತಿಥಿಗಳ ಕೋಟುಗಳೆಲ್ಲ ಹಾಸಿಗೆ ಮೇಲೆ ರಾಶಿ ಬೀಳುತ್ತವೆ, ಅಲ್ಲಿಂದಾಚೆಗೆ ಬರ್ಡಿ ಸಿನಿಮಾದಲ್ಲೇ ಇಲ್ಲ! ಎರಡು ಸಲ ಹಿಂದಕ್ಕೆ ಓಡಿಸಿ ನೋಡಿದೆ. ನಿಜವಾಗಲೂ ಇಲ್ಲ. ಸತ್ಯ ಹೇಳುವವಳು ಹೋದ ಮೇಲೆ ಈವ್‌ಗೆ ಮನೆಯಲ್ಲಿ ಅಡ್ಡಿ ಯಾರು? ಬೇಕು ಅಂತಲೇ ಮಾಡಿದ್ದು ಅನ್ನೋದು ನನ್ನ ಊಹೆ.

‘ದಿ ಮೇಟಿಂಗ್ ಸೀಸನ್’ ಸಿಕ್ಕಿದ ಕಾಪಿಯಲ್ಲಿ ತುಟಿ ಮುಂದೆ, ಮಾತು ಹಿಂದೆ. ಆದರೂ ಬಿಡಲಿಲ್ಲ. ಹ್ಯಾಂಬರ್ಗರ್ ಅಂಗಡಿ ಕಳೆದುಕೊಂಡ ತಾಯಿ ಮಗನ ಮನೆಗೆ ಬರುತ್ತಾಳೆ, ಸೊಸೆ ಅವಳನ್ನು ಅಡುಗೆಯವಳು ಅಂದುಕೊಳ್ಳುತ್ತಾಳೆ. ಇವಳೂ ಸುಮ್ನೆ ಅಡುಗೆ ಮಾಡಿಕೊಂಡು ಅಲ್ಲೇ ಇದ್ದುಬಿಡುತ್ತಾಳೆ. ಕಥೆ ನಿಂತಿರೋದೇ ಇವರ ಮೇಲೆ. ಆಸ್ಕರ್ ನಾಮಿನೇಷನ್ ಮಾತ್ರ ಪೋಷಕ ನಟಿಗೆ. ಒಟ್ಟು ಆರು ಸಲ ಹಾಗೆ ಹೆಸರು ಬಂತು, ಒಂದು ಸಲವೂ ಗೆಲ್ಲಲಿಲ್ಲ.

‘ರಿಯರ್ ವಿಂಡೋ’ದಲ್ಲಿ (1954) ಇನ್ಶೂರೆನ್ಸ್ ಕಂಪನಿ ಕಳಿಸಿದ ನರ್ಸ್ ಸ್ಟೆಲ್ಲಾ. ಕಾಲು ಮುರಿದುಕೊಂಡ ಜೇಮ್ಸ್ ಸ್ಟೀವರ್ಟ್ ತಿಂಡಿ ತಿನ್ನುತ್ತಿರುವಾಗ, ಎದುರು ಮನೆಯವನು ಹೆಂಡತಿಯನ್ನು ಎಲ್ಲಿ ಕತ್ತರಿಸಿರಬಹುದು ಅಂತ ಲೆಕ್ಕ ಹಾಕುತ್ತಾಳೆ. ದನಿಯಲ್ಲಿ ಒಂಚೂರು ನಾಟಕ ಇಲ್ಲ, ಪಾತ್ರೆ ತೊಳೆಯುವ ವಿಷಯ ಮಾತಾಡಿದ ಹಾಗೆ. ನಗಿಸಬೇಕು ಅಂತ ಅವರು ಮಾಡುತ್ತಿರುವ ಕೆಲಸ ನಿಲ್ಲಿಸುವುದೇ ಇಲ್ಲ. ಹೊಸ ಕಾಲಂ ಹಾಕಿದ್ದು ಸಾರ್ಥಕ ಅನ್ನಿಸಿದ್ದು ಇಲ್ಲೇ.

ಅದಕ್ಕೇ 1953ರ ‘ಪಿಕಪ್ ಆನ್ ಸೌತ್ ಸ್ಟ್ರೀಟ್’ ಅಷ್ಟು ನಾಟುವುದು. ಇದನ್ನು ಸಾಲು ತಪ್ಪಿಸಿ ಆಮೇಲೆ ನೋಡಿದೆ, ಒಳ್ಳೆಯದೇ ಆಯ್ತು. ಮೋ ಅನ್ನುವವಳು ಟೈ ಮಾರುತ್ತಾಳೆ, ಜೊತೆಗೆ ಪೊಲೀಸರಿಗೆ ಸುದ್ದಿ ಮಾರುತ್ತಾಳೆ. ಅನಾಥ ಹೆಣವಾಗಬಾರದು, ಒಳ್ಳೆ ಜಾಗದಲ್ಲಿ ಮಣ್ಣಾಗಬೇಕು ಅಂತ ಕಾಸು ಕೂಡಿಡುತ್ತಾಳೆ. ಒಂದು ರಾತ್ರಿ ಸುಸ್ತಾಗಿ ರೂಮಿಗೆ ಬಂದರೆ ಪಿಸ್ತೂಲು ಹಿಡಿದವನು ಎದುರಿಗೆ. ಓಡಲ್ಲ, ಕೂಗಲ್ಲ. ತುಂಬಾ ಸುಸ್ತಾಗಿದೆ ಅನ್ನುತ್ತಾಳೆ. ಗ್ರಾಮಫೋನ್ ಹಾಡುತ್ತಿರುತ್ತದೆ. ಆ ಪುಟದಲ್ಲಿ ಕೈ ಕಾಲಂ ಖಾಲಿ.

‘ಪಿಲ್ಲೋ ಟಾಕ್’ಗೆ ಒಂದೇ ಪದ ಬರೆದಿದ್ದೇನೆ: ಗ್ಲಾಸು. ‘ದಿ ಮಿಸ್‌ಫಿಟ್ಸ್’ನಲ್ಲಂತೂ ಒಂದು ಕೈ ಜೋಳಿಗೆಯಲ್ಲಿ ನೇತುಬಿದ್ದಿದೆ, ಮೂಳೆ ಮುರಿದಿದೆ! ಇನ್ನೊಂದು ಕೈಯಲ್ಲೇ ಸಂಭಾಳಿಸುತ್ತಾರೆ.

ಸಿನಿಮಾ ಅಲ್ಲದ್ದಕ್ಕೆ ಹಿಂದಿನ ಪುಟ. 1955ರಲ್ಲಿ ಟಿವಿ ನಾಟಕ ‘ದಿ ಕೇಟರ್ಡ್ ಅಫೇರ್’ನಲ್ಲಿ ಇವರು ತಾಯಿ. ಮರುವರ್ಷ ಅದು ಸಿನಿಮಾ ಆದಾಗ ಆ ಪಾತ್ರ ಹೋಗಿದ್ದು ಬೆಟ್ ಡೇವಿಸ್‌ಗೆ. ಬರ್ಡಿ ಇದ್ದಿದ್ದರೆ ಏನಾದರೂ ಅಂದಿರುತ್ತಿದ್ದಳು ಬಿಡಿ. 1958ರಲ್ಲಿ ‘ನ್ಯೂ ಗರ್ಲ್ ಇನ್ ಟೌನ್’ ನಾಟಕಕ್ಕೆ ಅಮೆರಿಕದ ರಂಗಭೂಮಿಯ ದೊಡ್ಡ ಪ್ರಶಸ್ತಿ ಟೋನಿ ಬಂತು. ಅದನ್ನೂ ಅದೇ ನಾಟಕದ ಗ್ವೆನ್ ವರ್ಡನ್ ಜೊತೆ ಹಂಚಿಕೊಳ್ಳಬೇಕಾಯ್ತು.

ನಾಮಿನೇಷನ್ ಬಂದವುಗಳಲ್ಲಿ ಇನ್ನು ಎರಡು ಬಾಕಿ. ‘ವಿತ್ ಎ ಸಾಂಗ್ ಇನ್ ಮೈ ಹಾರ್ಟ್’ನಲ್ಲಿ ಮತ್ತೆ ನರ್ಸ್, ಅದು ಸಲೀಸು. ‘ಬರ್ಡ್‌ಮನ್ ಆಫ್ ಆಲ್ಕಟ್ರಾಜ್’ನಲ್ಲಿ ಮಗನನ್ನು ಬಿಟ್ಟುಕೊಡದ ತಾಯಿ, ನಗುವಿಗೆ ಜಾಗವೇ ಇಲ್ಲದ ಪಾತ್ರ. ಆ ಪುಟಕ್ಕೆ ಇನ್ನೂ ಗೆರೆ ಎಳೆದಿಲ್ಲ.